ಶಬ್ನಮ್ ವಿರ್ಮಾನಿಯವರ ಕ್ಯಾಮೆರಾ ಮತ್ತು ತಂಬೂರ

ಅನ್ಯಾಯದ ವಿರುದ್ಧ ಸಾಕ್ಷ್ಯಚಿತ್ರ ಮಾಡುತ್ತಿದ್ದವರು ಒಂದು ದಿನ ಕ್ಯಾಮೆರಾ ಬದಿಗಿಟ್ಟು ಭಜನೆ ಹಾಡತೊಡಗಿದರೆ, ಅವರ ಜೊತೆ ಧರಣಿಗಳಲ್ಲಿ ಕುಳಿತಿದ್ದವರಿಗೆ ಒಂದು ಅನುಮಾನ ಬರುವುದು ಸಹಜ. ಇವರು ದಣಿದರೇ, ಇಲ್ಲವೇ ಜಗಳದ ಸಹವಾಸ ಸಾಕೆಂದು ಅಧ್ಯಾತ್ಮದ ನೆರಳಿಗೆ ಸರಿದರೇ ಎಂದು ಅವರು ಯೋಚಿಸುತ್ತಾರೆ. ಶಬ್ನಮ್ ವಿರ್ಮಾನಿಯವರ ವಿಷಯದಲ್ಲಿ ಇಂಥ ಮಾತನ್ನು ಬೆಂಗಳೂರಿನ ಸ್ನೇಹಿತರ ನಡುವೆ ನಾನು ಕೇಳಿದ್ದೇನೆ. ಅವರ ಚಿತ್ರಗಳನ್ನು ಮತ್ತೆ ಮತ್ತೆ ನೋಡಿದ ಮೇಲೆ ನನಗೆ ಅನ್ನಿಸಿರುವುದು ಇದಕ್ಕೆ ತದ್ವಿರುದ್ಧ. ಹಾಡಿಗೆ ಬಂದ ಮೇಲೆ ಅವರ ನ್ಯಾಯದ ಪ್ರಶ್ನೆ ಹೆಚ್ಚು ಇಕ್ಕಟ್ಟಿನದಾಯಿತು. ಮೊದಲು ಅದು ಎದುರಾಳಿಗಳನ್ನು ಕೇಳುತ್ತಿತ್ತು; ಆಮೇಲೆ ತನ್ನವರನ್ನೂ, ಕೊನೆಗೆ ಕೇಳುತ್ತಿರುವವಳನ್ನೂ ಕೇಳತೊಡಗಿತು.

ಅವರ ಮೊದಲಿನ ಕೆಲಸ ಏನೆಂದು ತಿಳಿಯದೆ ಈ ಮಾತು ಅರ್ಥವಾಗದು. ಜೈಪುರದಲ್ಲಿ ಪತ್ರಕರ್ತೆಯಾಗಿದ್ದ ಶಬ್ನಮ್, ಅಮೆರಿಕದ ಕಾರ್ನೆಲ್ ವಿಶ್ವವಿದ್ಯಾಲಯದಲ್ಲಿ ಅಭಿವೃದ್ಧಿ ಸಂವಹನವನ್ನು ಓದಿ ಬಂದು, ಅಹಮದಾಬಾದಿನಲ್ಲಿ ಗೆಳೆಯರ ಜೊತೆ ದೃಷ್ಟಿ ಎಂಬ ಮಾಧ್ಯಮ ಮತ್ತು ಮಾನವ ಹಕ್ಕುಗಳ ಬಳಗವನ್ನು ಕಟ್ಟಿದವರಲ್ಲಿ ಒಬ್ಬರು. ನೆಲ್ಲೂರು ಜಿಲ್ಲೆಯ ಸಾರಾಯಿ ವಿರೋಧಿ ಹೋರಾಟದ ಬಗ್ಗೆ ಅವರು ಮಾಡಿದ ಚಿತ್ರ ಆ ಕಾಲದ ಅವರ ಮನೋಧರ್ಮವನ್ನು ಚೆನ್ನಾಗಿ ತೋರಿಸುತ್ತದೆ. ತೊಂಬತ್ತರ ದಶಕದ ಆರಂಭದಲ್ಲಿ ದೂಬಗುಂಟ ಎಂಬ ಹಳ್ಳಿಯ ಹೆಂಗಸರು ರಾತ್ರಿ ಸಾಕ್ಷರತಾ ತರಗತಿಯಲ್ಲಿ ಅಕ್ಷರ ಕಲಿಯುತ್ತಲೇ ತಮ್ಮೂರಿನ ಸಾರಾಯಿ ಅಂಗಡಿಯನ್ನು ಮುಚ್ಚಿಸಿದರು. ಅವರ ಕಥೆ ಮುಂದಿನ ಸಾಕ್ಷರತಾ ಪುಸ್ತಕದಲ್ಲಿ ಪಾಠವಾಯಿತು, ಆ ಪಾಠವನ್ನು ಓದಿದ ಬೇರೆ ಹಳ್ಳಿಗಳ ಹೆಂಗಸರೂ ಬೀದಿಗಿಳಿದರು. 1993ರ ಅಕ್ಟೋಬರಿನಲ್ಲಿ ಆಂಧ್ರಪ್ರದೇಶ ಸರ್ಕಾರ ಸಾರಾಯಿಯನ್ನು ನಿಷೇಧಿಸಬೇಕಾಯಿತು. (ಕರ್ನಾಟಕದಲ್ಲಿ ಅದೇ ನಿಷೇಧಕ್ಕೆ 2007ರ ಜುಲೈವರೆಗೆ ಕಾಯಬೇಕಾಯಿತೆಂಬುದನ್ನು ಇಲ್ಲಿ ನೆನಪಿಸಿಕೊಳ್ಳದಿರಲು ಆಗುವುದಿಲ್ಲ.) ಕಚ್ಛ್‌ನಲ್ಲಿ ಅಲ್ಲಿನ ಮಹಿಳಾ ಸಂಘಟನೆಯ ಜೊತೆ ಸೇರಿ, ಭುಜ್ ಆಕಾಶವಾಣಿಗಾಗಿ ಕಚ್ಛೀ ಭಾಷೆಯಲ್ಲೇ ಧಾರಾವಾಹಿಯೊಂದನ್ನು ರೂಪಿಸಿದ್ದೂ ಇದೇ ಅವಧಿಯ ಕೆಲಸ. ಹೆಣ್ಣುಮಗುವಿನ ಹುಟ್ಟು, ಪಂಚಾಯಿತಿಯಲ್ಲಿ ಹೆಣ್ಣಿನ ಮಾತಿನ ಬೆಲೆ ಮುಂತಾದ ವಿಷಯಗಳನ್ನು ಅದು ಊರವರ ಆಡುಮಾತಿನಲ್ಲಿ ಮುಂದಿಟ್ಟಿತು.

ಇವೆಲ್ಲವೂ ಯಾರ ಪರ, ಯಾರ ವಿರುದ್ಧ ಎಂಬುದು ನಿಚ್ಚಳವಾಗಿದ್ದ ಕೆಲಸಗಳು, ಮತ್ತು ಹಾಗೆಯೇ ಇರಬೇಕಾಗಿದ್ದವು. 2002ರಲ್ಲಿ ಗುಜರಾತ್ ಹೊತ್ತಿ ಉರಿದಾಗ ಶಬ್ನಮ್ ಅಹಮದಾಬಾದಿನಲ್ಲಿದ್ದರು. ಆ ಹಿಂಸೆಯ ನಡುವೆ ಕಬೀರನ ಮಾತು ತಮ್ಮನ್ನು ಕರೆಯಿತೆಂದು ಅವರು ಅನೇಕ ಸಂದರ್ಶನಗಳಲ್ಲಿ ಹೇಳಿಕೊಂಡಿದ್ದಾರೆ. ಹಿಂದೂಗಳಿಗೂ ಮುಸ್ಲಿಮರಿಗೂ ಏಕಕಾಲಕ್ಕೆ ಬೈಯುವ ಧೈರ್ಯವಿದ್ದ, ಹದಿನೈದನೆಯ ಶತಮಾನದ ಕಾಶಿಯ ಆ ನೇಕಾರನನ್ನು ಹುಡುಕಿಕೊಂಡು ಹೊರಟರೆ ಇಂದಿನ ಉರಿಗೆ ಏನಾದರೂ ಉತ್ತರ ಸಿಕ್ಕೀತೆಂಬುದು ಮೊದಲ ಆಸೆಯಾಗಿದ್ದಿರಬೇಕು. ಬೆಂಗಳೂರಿನ ಯಲಹಂಕದಲ್ಲಿರುವ ಸೃಷ್ಟಿ ಕಲೆ ಮತ್ತು ವಿನ್ಯಾಸ ಶಾಲೆಯ ಆಶ್ರಯದಲ್ಲಿ 2003ರಲ್ಲಿ ಕಬೀರ್ ಪ್ರಾಜೆಕ್ಟ್ ಆರಂಭವಾಯಿತು. ಆರು ವರ್ಷಗಳ ತಿರುಗಾಟದ ಫಲವಾಗಿ, ತಲಾ ಒಂದೂವರೆ ಗಂಟೆ ಮೀರಿದ ನಾಲ್ಕು ಚಿತ್ರಗಳು, ಹಾಡಿನ ಸಿಡಿಗಳು ಮತ್ತು ಪದಗಳ ಪುಸ್ತಿಕೆಗಳು ಹೊರಬಂದವು.

ನಾಲ್ಕರಲ್ಲಿ ಹೆಚ್ಚು ಜನ ನೋಡಿರುವುದು ‘ಹದ್-ಅನಹದ್’ (ಎಲ್ಲೆ ಮತ್ತು ಎಲ್ಲೆಯಿಲ್ಲದ್ದು) ಎಂದು ತೋರುತ್ತದೆ. ಮುಸ್ಲಿಂ ಹೆಸರಿನ, ಮುಸ್ಲಿಂ ಮನೆಯಲ್ಲಿ ಬೆಳೆದ ಕಬೀರ ತನ್ನ ಪದಗಳಲ್ಲಿ ಮತ್ತೆ ಮತ್ತೆ ಕರೆಯುವ ರಾಮ ಯಾರು ಎಂಬ ಒಂದೇ ಪ್ರಶ್ನೆಯನ್ನು ಹಿಡಿದು ಚಿತ್ರ ಅಯೋಧ್ಯೆ, ಮಧ್ಯಪ್ರದೇಶದ ಮಾಳ್ವ ಸೀಮೆ, ರಾಜಸ್ಥಾನಗಳನ್ನು ದಾಟಿ ಪಾಕಿಸ್ತಾನಕ್ಕೆ ಹೋಗುತ್ತದೆ. ಬಿಕಾನೇರಿನ ಕಡೆಯ, ಮಿರಾಸಿ ಎಂಬ ಮುಸ್ಲಿಂ ಗಾಯಕ ಸಮುದಾಯದ ಮುಖ್ತಿಯಾರ್ ಅಲಿಯವರನ್ನೂ ಕರಾಚಿಯ ಕವ್ವಾಲ್ ಫರೀದ್ ಅಯಾಜ್ ಅವರನ್ನೂ ದೊಡ್ಡ ನಗರಗಳ ಕೇಳುಗರಲ್ಲಿ ಅನೇಕರು ಮೊದಲು ಕಂಡದ್ದು ಈ ಚಿತ್ರದಲ್ಲಿ. ದಿಲ್ಲಿಯ ಹಳೆಯ ಕವ್ವಾಲಿ ಮನೆತನದ ಅಯಾಜ್ ಕರಾಚಿಯಲ್ಲಿ ಕುಳಿತು ಕಬೀರನನ್ನು ಹಾಡುತ್ತ, ನಡುನಡುವೆ ನಿಲ್ಲಿಸಿ ಒಂದೊಂದು ಸಾಲನ್ನು ಬಿಡಿಸಿ ಹೇಳುವ ದೃಶ್ಯಗಳು ಎಷ್ಟು ಸೊಗಸಾಗಿವೆಯೆಂದರೆ ನೋಡುಗನಿಗೆ ಗಡಿ ಎಂಬುದೇ ಸುಳ್ಳೆನಿಸುತ್ತದೆ. ನನ್ನ ತಕರಾರು ಇರುವುದೂ ಅಲ್ಲಿಯೇ. ಎರಡೂ ಕಡೆಯ ಹಾಡುಗಾರರು ಒಂದೇ ಕಬೀರನನ್ನು ಹಾಡುತ್ತಾರೆಂದು ತಿಳಿದಾಗ ನಮಗಾಗುವ ಸಂತೋಷದಲ್ಲಿ ನಮ್ಮನ್ನು ನಾವೇ ಮೆಚ್ಚಿಕೊಳ್ಳುವ ಗುಣವೂ ಸ್ವಲ್ಪ ಬೆರೆತಿರುತ್ತದೆ. ದ್ವೇಷಿಸುವವರು ಬೇರೆಯವರು, ನಾವಲ್ಲ ಎಂಬ ನೆಮ್ಮದಿಯಿಂದ ಸಭಾಂಗಣದಿಂದ ಹೊರಬರಬಹುದು. ಚಿತ್ರದ ಉದ್ದಕ್ಕೂ ಕೇಳಿಬರುವ ನಿರ್ದೇಶಕಿಯ ಸ್ವಗತ ಈ ನೆಮ್ಮದಿಯನ್ನು ಕಲಕಲು ಯತ್ನಿಸುತ್ತದೆ, ಆದರೆ ಹಾಡಿನ ಸೊಗಸು ಅದನ್ನು ಮೀರಿಸಿಬಿಡುತ್ತದೆ.

‘ಕೋಯಿ ಸುನ್ತಾ ಹೈ’ ಚಿತ್ರ ಕನ್ನಡಿಗರಿಗೆ ಹತ್ತಿರದ್ದು, ಏಕೆಂದರೆ ಅದರ ಕೇಂದ್ರದಲ್ಲಿರುವವರು ಕುಮಾರ ಗಂಧರ್ವರು. ಬೆಳಗಾವಿ ಜಿಲ್ಲೆಯ ಸುಳೇಭಾವಿಯಲ್ಲಿ 1924ರಲ್ಲಿ ಶಿವಪುತ್ರ ಸಿದ್ಧರಾಮಯ್ಯ ಕೊಂಕಾಳಿಮಠರಾಗಿ ಹುಟ್ಟಿದ ಅವರು ಬಾಲ್ಯದಲ್ಲೇ ಅದ್ಭುತ ಹಾಡುಗಾರನೆನಿಸಿಕೊಂಡು, ಮುಂಬೈಯಲ್ಲಿ ಬಿ.ಆರ್. ದೇವಧರರ ಬಳಿ ಕಲಿತು, ಇಪ್ಪತ್ತರ ಹರೆಯದಲ್ಲಿ ಕ್ಷಯರೋಗಕ್ಕೆ ತುತ್ತಾದರು. ಒಣ ಹವೆಗಾಗಿ ಮಧ್ಯಪ್ರದೇಶದ ದೇವಾಸಕ್ಕೆ ಬಂದು ಹಾಸಿಗೆ ಹಿಡಿದಿದ್ದಾಗ, ಹಾಡಕೂಡದೆಂಬ ವೈದ್ಯರ ಆಜ್ಞೆಯಿದ್ದ ಆ ವರ್ಷಗಳಲ್ಲಿ, ಅವರ ಪಾಲಿಗೆ ಉಳಿದದ್ದು ಕೇಳುವುದೊಂದೇ. ಮಾಳ್ವದ ಹೆಂಗಸರ ಪದಗಳು, ಬೀದಿಯಲ್ಲಿ ಹಾಡುತ್ತ ಸಾಗುವ ನಾಥಪಂಥದ ಜೋಗಿಗಳ ದನಿ, ದೇವಾಸದಲ್ಲಿ ನಾಥಯೋಗಿ ಶೀಲನಾಥರ ಧೂನಿಯಲ್ಲಿ (ಆಶ್ರಮದಲ್ಲಿ) ಉಳಿದುಬಂದಿದ್ದ, ರೂಪವಿಲ್ಲದ ದೈವವನ್ನು ಕುರಿತ ನಿರ್ಗುಣ ಪದಗಳ ಸಂಗ್ರಹ ಎಲ್ಲವೂ ಅವರೊಳಗೆ ಇಳಿದವು. ಒಂದು ಶ್ವಾಸಕೋಶ ಹೆಚ್ಚುಕಡಿಮೆ ನಿಷ್ಪ್ರಯೋಜಕವಾದ ಮೇಲೆ ಮತ್ತೆ ಹಾಡತೊಡಗಿದ ಕುಮಾರರು ಆ ನಿರ್ಗುಣ ಪದಗಳನ್ನು ಎಂಥ ಏಕಾಂತದ ದನಿಯಲ್ಲಿ ಹಾಡಿದರೆಂಬುದು ಹಿಂದೂಸ್ತಾನಿ ಸಂಗೀತ ಕೇಳುವವರಿಗೆಲ್ಲ ಗೊತ್ತು.

ಕುಮಾರರ ಭಕ್ತರು ಈ ಕಥೆಯನ್ನು ಹೇಳುವಾಗ ಸಾಮಾನ್ಯವಾಗಿ ಕಲಾವಿದನ ಪ್ರತಿಭೆಗೆ ಕೈಮುಗಿದು ಮುಗಿಸುತ್ತಾರೆ. ಶಬ್ನಮ್ ಅಲ್ಲಿ ನಿಲ್ಲುವುದಿಲ್ಲ. ಅವರು ಕ್ಯಾಮೆರಾವನ್ನು ಕುಮಾರರ ಮನೆಯಿಂದ ಹೊರಗೆ ತಂದು ಅದೇ ಮಾಳ್ವದ ಹಳ್ಳಿಗಳಿಗೆ ಒಯ್ಯುತ್ತಾರೆ. ಅದೇ ಪದಗಳನ್ನು ತಲೆಮಾರುಗಳಿಂದ ಹಾಡಿಕೊಂಡು ಬಂದವರು ಅಲ್ಲಿದ್ದಾರೆ. ಅವರಲ್ಲಿ ಬಹುಪಾಲು ದಲಿತರು. ಸಂಗೀತ ಸಭೆಯ ವೇದಿಕೆ ಮತ್ತು ಊರಿನ ಜಾಗರಣೆಯ ಜಮಖಾನೆಗಳ ನಡುವಿನ ಅಂತರವನ್ನು ಚಿತ್ರ ಬಾಯಿಬಿಟ್ಟು ಖಂಡಿಸುವುದಿಲ್ಲ, ಪಕ್ಕಪಕ್ಕದಲ್ಲಿ ಇಟ್ಟು ತೋರಿಸುತ್ತದೆ. ಒಂದು ಪದ ಗ್ರಾಮಾಫೋನ್ ತಟ್ಟೆಗೆ ಏರಿದಾಗ ಯಾರ ಹೆಸರಿನಲ್ಲಿ ಏರುತ್ತದೆ, ಯಾರ ಹೆಸರು ಕೆಳಗೇ ಉಳಿಯುತ್ತದೆ ಎಂಬ ಪ್ರಶ್ನೆ ನೋಡುಗನಿಗೆ ತಾನಾಗಿಯೇ ಏಳುತ್ತದೆ. ಕುಮಾರರ ಹಿರಿಮೆಗೆ ಇದರಿಂದ ಕುಂದೇನೂ ಬರುವುದಿಲ್ಲ. ಹೆಸರಿಲ್ಲದ ಹಾಡುಗಾರರ ಬಳಿ ವಿನಯದಿಂದ ಕಿವಿಗೊಟ್ಟವರಲ್ಲಿ ಅವರೇ ಮೊದಲಿಗರ ಸಾಲಿನಲ್ಲಿದ್ದಾರೆ.

ಮೂರನೆಯದಾದ ‘ಚಲೋ ಹಮಾರಾ ದೇಸ್’ ಜಾನಪದ ಗಾಯಕ ಪ್ರಹ್ಲಾದ್ ಸಿಂಗ್ ಟಿಪಾನಿಯಾ ಮತ್ತು ಅಮೆರಿಕದ ಕಬೀರ್ ವಿದ್ವಾಂಸೆ ಲಿಂಡಾ ಹೆಸ್ ಅವರ ಸ್ನೇಹದ ಚಿತ್ರ. ಅದು ಆಪ್ತವಾಗಿದೆ, ನೋಡಲು ಹಿತವಾಗಿದೆ. ನನ್ನ ಮಟ್ಟಿಗೆ ಅಷ್ಟೇ.

ನಾಲ್ಕನೆಯ ‘ಕಬೀರಾ ಖಡಾ ಬಜಾರ್ ಮೇಂ’ ಈ ಗುಚ್ಛದಲ್ಲಿ ಎಲ್ಲಕ್ಕಿಂತ ದೊಡ್ಡ ಕೃತಿಯೆಂದು ನಾನು ನಂಬಿದ್ದೇನೆ, ಮತ್ತು ಅದಕ್ಕೆ ಸಲ್ಲಬೇಕಾದ ಚರ್ಚೆ ಸಂದಿಲ್ಲ. ಅದರ ಹಿನ್ನೆಲೆಯನ್ನು ತುಸು ವಿವರವಾಗಿ ಹೇಳಬೇಕು. ಮಾಳ್ವದ ಹಳ್ಳಿಗಳಲ್ಲಿ ಕಬೀರ್ ಭಜನೆಯ ಮಂಡಳಿಗಳು ಹಿಂದಿನಿಂದಲೂ ಇವೆ. ಐದು ತಂತಿಯ ತಂಬೂರ, ಅದರ ಜೊತೆಗೆ ಕೈಯಲ್ಲೇ ಹಿಡಿದು ನುಡಿಸುವ ಕರತಾಳ, ಮಂಜೀರ, ಢೋಲಕ್‌ಗಳೊಂದಿಗೆ ರಾತ್ರಿಯಿಡೀ ಹಾಡುವುದು ವಾಡಿಕೆ. ಹಾಡುವವರಲ್ಲಿ ಹೆಚ್ಚಿನವರು ಬಲಾಯಿ ಮುಂತಾದ ದಲಿತ ಸಮುದಾಯದವರು. ಬಲಾಯಿಗಳು ಕಬೀರನಂತೆಯೇ ನೇಕಾರರಾಗಿದ್ದವರು. ತೊಂಬತ್ತರ ದಶಕದ ಆರಂಭದಲ್ಲಿ, ಅಂಬೇಡ್ಕರ್ ಜನ್ಮಶತಮಾನೋತ್ಸವದ ಆಸುಪಾಸಿನಲ್ಲಿ, ಶಿಕ್ಷಣ ಕ್ಷೇತ್ರದಲ್ಲಿ ಕೆಲಸ ಮಾಡುತ್ತಿದ್ದ ಏಕಲವ್ಯ ಸಂಸ್ಥೆ ದೇವಾಸದಲ್ಲಿ ಈ ಮಂಡಳಿಗಳನ್ನು ತಿಂಗಳಿಗೊಮ್ಮೆ ಒಂದೆಡೆ ಸೇರಿಸತೊಡಗಿತು. ಹಾಡು ನಡೆಯುತ್ತಿತ್ತು, ನಡುವೆ ನಿಲ್ಲಿಸಿ ಆ ಪದದ ಅರ್ಥವೇನು, ಜಾತಿಯ ಬಗ್ಗೆ, ಮೂರ್ತಿಪೂಜೆಯ ಬಗ್ಗೆ, ಪುರೋಹಿತರ ಬಗ್ಗೆ ಅದು ಏನು ಹೇಳುತ್ತದೆ, ಹಾಡುವ ನಾವು ಹಾಗೆ ಬದುಕುತ್ತಿದ್ದೇವೆಯೇ ಎಂಬ ಮಾತುಕತೆಯೂ ನಡೆಯುತ್ತಿತ್ತು. ನಮ್ಮ ಕಡೆಯ ಅನುಭವ ಮಂಟಪದ ಕಲ್ಪನೆಯನ್ನು ಬಲ್ಲವರಿಗೆ ಈ ಏರ್ಪಾಡು ಅಪರಿಚಿತವೆನಿಸದು.

ಆ ಬಳಗದಿಂದ ಎದ್ದು ಬಂದ ದೊಡ್ಡ ದನಿ ಉಜ್ಜಯಿನಿ ಜಿಲ್ಲೆಯ ಲೂನ್ಯಾಖೇಡಿಯ ಶಾಲಾಶಿಕ್ಷಕ ಟಿಪಾನಿಯಾ ಅವರದು. ಹಾಡಿಗಿಂತ ಮೊದಲು ಅವರನ್ನು ಸೆಳೆದದ್ದು ತಂಬೂರದ ನಾದ ಎನ್ನುತ್ತಾರೆ. ಕಬೀರನ ಪದಗಳಿಂದಲೇ ಜಾತಿಯ ಅವಮಾನಕ್ಕೆ ಎದುರಾಗಿ ತಲೆಯೆತ್ತಿ ನಿಂತ, 2011ರಲ್ಲಿ ಪದ್ಮಶ್ರೀ ಪಡೆದ ಈ ಮನುಷ್ಯ, ಚಿತ್ರೀಕರಣದ ಕಾಲದಲ್ಲಿ ಕಬೀರನ ಅನುಯಾಯಿಗಳ ಪಂಗಡವಾದ ಕಬೀರ್‌ಪಂಥದ ಮಹಂತರು, ಅಂದರೆ ಧರ್ಮಗುರುಗಳು, ಆಗಿದ್ದರು. ಮಹಂತನಾದವನು ದೀಕ್ಷೆ ಕೊಡಬೇಕು, ತೆಂಗಿನಕಾಯಿ, ವೀಳ್ಯದೆಲೆ, ಆರತಿಗಳಿರುವ ‘ಚೌಕಾ ಆರತಿ’ ಎಂಬ ವಿಧಿಯನ್ನು ನಡೆಸಬೇಕು. ಪೂಜಾವಿಧಿಗಳನ್ನು ಜೀವನವಿಡೀ ಹೀಗಳೆದ ಕವಿಯ ಹೆಸರಿನಲ್ಲೇ ಒಂದು ಪೂಜಾವಿಧಿ, ಮತ್ತು ಅದನ್ನು ನಡೆಸುವವರು ಆ ಕವಿಯ ಅತ್ಯುತ್ತಮ ಹಾಡುಗಾರ.

ಇಂಥ ಸಂದರ್ಭದಲ್ಲಿ ಸಾಮಾನ್ಯ ಸಾಕ್ಷ್ಯಚಿತ್ರಕಾರರಿಗೆ ಎರಡು ಸುಲಭದ ದಾರಿಗಳಿರುತ್ತವೆ. ಗೌರವದ ನೆಪದಲ್ಲಿ ಆ ಭಾಗವನ್ನು ಸಂಕಲನದ ಮೇಜಿನ ಮೇಲೆ ಕತ್ತರಿಸುವುದು ಒಂದು. ಕಪಟವನ್ನು ಬಯಲಿಗೆಳೆದವರಂತೆ ಬೀಗುವುದು ಇನ್ನೊಂದು. ಶಬ್ನಮ್ ಎರಡನ್ನೂ ಮಾಡಲಿಲ್ಲ. ಪಂಥದ ಒಳಗಿದ್ದುಕೊಂಡೇ ಜನರನ್ನು ತಲುಪಬಹುದು, ತಿದ್ದಬಹುದು ಎಂಬ ಟಿಪಾನಿಯಾ ಅವರ ವಾದ, ಇದು ಕಬೀರನಿಗೆ ಬಗೆದ ದ್ರೋಹವೆಂಬ ಹಳೆಯ ಗೆಳೆಯರ ಸಿಟ್ಟು, ಪಂಥದ ಒಳಗಿನ ಅಧಿಕಾರ, ಊರಿನ ಸಾಮಾನ್ಯ ಭಕ್ತರ ನಂಬಿಕೆ ಎಲ್ಲಕ್ಕೂ ಚಿತ್ರದಲ್ಲಿ ಜಾಗವಿದೆ. ತಾನು ಗುರುವೆಂದು ಗೌರವಿಸುವ, ಯಾರಿಂದ ಹಾಡು ಕಲಿಯುತ್ತಿದ್ದಾರೋ ಅವರನ್ನೇ ಎದುರು ಕೂರಿಸಿಕೊಂಡು, ಪ್ರೀತಿ ಬಿಡದೆ, ಪ್ರಶ್ನೆಯನ್ನೂ ಬಿಡದೆ ಚಿತ್ರ ಮಾಡುವುದು ಎಷ್ಟು ಕಷ್ಟವೆಂಬುದನ್ನು ಯಾವುದಾದರೂ ಚಳವಳಿಯ ಒಳಗಿದ್ದು ಅದರ ನಾಯಕರನ್ನು ಪ್ರಶ್ನಿಸಿದವರೆಲ್ಲರೂ ಬಲ್ಲರು.

ನೋಡುಗನಾಗಿ ನನಗೆ ಅಲ್ಲಿ ಇನ್ನೊಂದು ಪ್ರಶ್ನೆಯೂ ಎದುರಾಯಿತು. ದೇವಸ್ಥಾನದ ಬಾಗಿಲು ಮುಚ್ಚಿಸಿಕೊಂಡ ಸಮುದಾಯವೊಂದು ತನ್ನದೇ ಗುರು, ತನ್ನದೇ ವಿಧಿ, ತನ್ನದೇ ಪೀಠಗಳನ್ನು ಕಟ್ಟಿಕೊಂಡರೆ, ಅದನ್ನು ಮೌಢ್ಯವೆಂದು ತಳ್ಳಿಹಾಕುವ ಹಕ್ಕು ಆ ಬಾಗಿಲು ಎಂದೂ ಮುಚ್ಚದಿದ್ದ ಮನೆಗಳಲ್ಲಿ ಹುಟ್ಟಿದ ನಮಗೆ ಎಲ್ಲಿಂದ ಬಂತು? ವಿಚಾರವಾದಿಯ ಮಾತು ತರ್ಕದಲ್ಲಿ ಸರಿಯಾಗಿದ್ದೂ ಆಡುವವನ ಜಾತಿಯ ಕಾರಣದಿಂದ ತಪ್ಪಾಗಿ ಕೇಳಿಸಬಹುದು. ಚಿತ್ರ ಈ ಗಂಟನ್ನು ಬಿಚ್ಚುವುದಿಲ್ಲ. ಬಿಚ್ಚಿದಂತೆ ನಟಿಸುವುದೂ ಇಲ್ಲ. 2019ರ ಲೋಕಸಭಾ ಚುನಾವಣೆಯಲ್ಲಿ ಟಿಪಾನಿಯಾ ದೇವಾಸ ಮೀಸಲು ಕ್ಷೇತ್ರದಿಂದ ಕಾಂಗ್ರೆಸ್ ಅಭ್ಯರ್ಥಿಯಾಗಿ ನಿಂತು ಸೋತರೆಂಬ ಸುದ್ದಿ ಓದಿದಾಗ ನನಗೆ ನೆನಪಾದದ್ದು ಈ ಚಿತ್ರ. ಅಧಿಕಾರದ ಒಳಗೆ ಹೋಗಿ ಕೆಲಸ ಮಾಡಬಹುದೇ ಎಂಬ ಅವರ ಹುಡುಕಾಟ ಮಹಂತಿಕೆಯಿಂದ ಮತಪೆಟ್ಟಿಗೆಯವರೆಗೂ ಬಂದಂತಿತ್ತು.

ಈ ತಿರುಗಾಟದ ಜೊತೆಜೊತೆಗೇ ಶಬ್ನಮ್ ಹಾಡುಗಾರ್ತಿಯಾದರು. ಮಾಳ್ವದ ತಂಬೂರವನ್ನು ಕಲಿತು, ಟಿಪಾನಿಯಾ ಮತ್ತು ಇತರರಿಂದ ಪದಗಳನ್ನು ಬಾಯಿಗೆ ತಂದುಕೊಂಡು, ತಾವೇ ಕಛೇರಿ ಕೊಡತೊಡಗಿದರು. ಕ್ಯಾಮೆರಾದ ಹಿಂದೆ ನಿಂತವರಿಗೆ ಇರುವ ರಕ್ಷಣೆ ಹಾಡುವವರಿಗಿಲ್ಲ. ‘ನಾನು’ ಎಂಬ ಅಹಂಕಾರವನ್ನು ಸುಡು ಎಂಬ ಪದವನ್ನು ಬೇರೆಯವರ ಬಾಯಲ್ಲಿ ಚಿತ್ರೀಕರಿಸುವುದು ಬೇರೆ, ಸಭೆಯೆದುರು ತಾನೇ ಅದನ್ನು ಹಾಡುವುದು ಬೇರೆ. ಕಬೀರ ಬಯ್ಯುವುದು ಮುಲ್ಲಾ, ಪಾಂಡೆಯರನ್ನು ಮಾತ್ರವೆಂದು ಕೋಮುಹಿಂಸೆಯ ಸಂದರ್ಭದಲ್ಲಿ ಅನ್ನಿಸುತ್ತದೆ. ಹಾಡುತ್ತ ಹೋದಂತೆ ಆ ಬೈಗುಳ ಹಾಡುವವರ ಕಡೆಗೂ ತಿರುಗುತ್ತದೆಂದು ಶಬ್ನಮ್ ತಮ್ಮ ಮಾತುಗಳಲ್ಲಿ ಪದೇ ಪದೇ ಸೂಚಿಸಿದ್ದಾರೆ. ತನ್ನೊಳಗಿನ ಹಿಂಸೆಯನ್ನು ನೋಡದೆ ಹೊರಗಿನ ಹಿಂಸೆಯ ಬಗ್ಗೆ ಚಿತ್ರ ಮಾಡಿದರೆ ಅದು ಅರ್ಧ ಸತ್ಯವೆಂಬ ಈ ನಿಲುವನ್ನು ಪಲಾಯನವೆಂದು ಕರೆಯುವವರ ಜೊತೆ ನನಗೆ ಜಗಳವಿದೆ. ಹೊರಗಿನ ಹಿಂಸೆಯ ಪ್ರಶ್ನೆಯನ್ನು ಅವರು ಕೈಬಿಟ್ಟ ದಿನ ನಾನೂ ಆ ಗುಂಪು ಸೇರುತ್ತೇನೆ.

ಹಾಗೆಂದು ನನ್ನ ಅಸಮಾಧಾನಗಳು ಇಲ್ಲವೆಂದಲ್ಲ. ಕಬೀರನ ಹೆಸರಿನಲ್ಲಿ ಬರುವ ಸಾಖಿಗಳಲ್ಲಿ (ದ್ವಿಪದಿಗಳಲ್ಲಿ) ಹೆಣ್ಣನ್ನು ಮಾಯೆಯೆಂದು, ಸಾಧಕನನ್ನು ಕೆಡಿಸುವವಳೆಂದು ಜರೆಯುವ ಸಾಲುಗಳು ಕಡಿಮೆಯೇನಿಲ್ಲ. ಹನ್ನೆರಡನೆಯ ಶತಮಾನದಲ್ಲೇ ನಮ್ಮ ಅಲ್ಲಮ, ಹೊನ್ನು, ಹೆಣ್ಣು, ಮಣ್ಣುಗಳು ಮಾಯೆಯಲ್ಲ, ಮನದ ಮುಂದಣ ಆಸೆಯೇ ಮಾಯೆ ಎಂದು ಹೇಳಿ ಮುಗಿಸಿದ್ದನ್ನು ಓದಿದವರಿಗೆ ಕಬೀರನ ಈ ಮುಖ ಇನ್ನಷ್ಟು ಕಸಿವಿಸಿ ಉಂಟುಮಾಡುತ್ತದೆ. ಮಂಡಳಿಗಳಲ್ಲಿ ಬಹುತೇಕ ಗಂಡಸರೇ ಹಾಡುವ ಪರಂಪರೆಯೊಳಗೆ ತಂಬೂರ ಹಿಡಿದು ಕುಳಿತ ಹೆಣ್ಣು, ನೆಲ್ಲೂರಿನ ಹೆಂಗಸರ ಜೊತೆ ಕೆಲಸ ಮಾಡಿ ಬಂದವರು, ಈ ಸಾಲುಗಳ ಜೊತೆ ನೇರ ಮುಖಾಮುಖಿಯಾಗುವ ಐದನೆಯ ಚಿತ್ರವೊಂದನ್ನು ಮಾಡಿದ್ದರೆ ಎಂಬ ಆಸೆ ನನಗೆ ಉಳಿದಿದೆ.

ಇನ್ನೊಂದು ಅಸಮಾಧಾನ ಅವರ ಮೇಲಿನದಲ್ಲ, ನಮ್ಮ ಮೇಲಿನದು. ಕಬೀರನ ಉತ್ಸವಗಳು, ಯಾತ್ರೆಗಳು ನಗರದ ಮಧ್ಯಮವರ್ಗಕ್ಕೆ ಪ್ರಿಯವಾಗಿಬಿಟ್ಟಿವೆ. ಬೆಂಗಳೂರಿನ ತಂಪು ಸಭಾಂಗಣಗಳಲ್ಲಿ ಕಣ್ಣು ಮುಚ್ಚಿ ತಲೆದೂಗುವ ನಾವು ಪದದಲ್ಲಿ ಶೂನ್ಯ, ಗಗನ, ಅನಹದ ನಾದಗಳು ಬಂದಾಗ ಪುಲಕಿತರಾಗುತ್ತೇವೆ. ಬ್ರಾಹ್ಮಣಿಯ ಮಗನಾದ ನೀನು ಬೇರೆ ದಾರಿಯಿಂದ ಏಕೆ ಹುಟ್ಟಿ ಬರಲಿಲ್ಲ ಎಂದು ಕಬೀರ ಪಂಡಿತನನ್ನು ಕೇಳಿದಾಗ ಮೆಲ್ಲಗೆ ನಕ್ಕು ಮುಂದಿನ ಹಾಡಿಗೆ ಕಾಯುತ್ತೇವೆ. ಹಾಡಿದವರು ಸಂಜೆ ಹಳ್ಳಿಗೆ ಮರಳಿದಾಗ ಅಲ್ಲಿ ಅವರ ಬಾವಿ, ಅವರ ಸ್ಮಶಾನ ಎಲ್ಲಿವೆ ಎಂಬುದು ನಮ್ಮ ಸಂಜೆಯ ಭಾಗವಲ್ಲ. ಹಳ್ಳಿಗಳ ಮೂಲಕವೇ ಸಾಗುವ ಮಾಳ್ವದ ಕಬೀರ್ ಯಾತ್ರೆ ಮತ್ತು ರಾಜಸ್ಥಾನದ ಕಬೀರ್ ಯಾತ್ರೆಗಳಲ್ಲಿ ನಗರದವರು ಕನಿಷ್ಠ ಆ ಅಂಗಳಗಳಲ್ಲಿ ಊರವರ ಜೊತೆ ನೆಲದ ಮೇಲೆ ಕೂರಬೇಕಾಗುತ್ತದೆ. ಅಷ್ಟರಮಟ್ಟಿಗೆ ಅವು ಸಭಾಂಗಣಕ್ಕಿಂತ ಮೇಲು.

ಕಬೀರ್ ಪ್ರಾಜೆಕ್ಟ್ ಆಮೇಲೆ ‘ಅಜಬ್ ಶಹರ್’ ಎಂಬ ಜಾಲತಾಣವಾಗಿಯೂ ಬೆಳೆದಿದೆ. ಕಬೀರನ ಜೊತೆ ಸಿಂಧಿನ ಶಾಹ್ ಲತೀಫ್, ಪಂಜಾಬಿನ ಬುಲ್ಲೇಶಾಹ್ ಮೊದಲಾದವರ ಪದಗಳು ಹಾಡಿನ ದೃಶ್ಯ, ಪಠ್ಯ ಮತ್ತು ಅನುವಾದಗಳೊಂದಿಗೆ ಅಲ್ಲಿ ಸಿಗುತ್ತವೆ. ಶಾಹ್ ಲತೀಫನ ಬಗ್ಗೆ ವಿಪುಲ್ ರಿಖಿಯವರ ಜೊತೆ ಶಬ್ನಮ್ ಬರೆದ ಇಂಗ್ಲಿಷ್ ಪುಸ್ತಕವೂ ಬಂದಿದೆ. ಇಷ್ಟು ದೊಡ್ಡ ಕೆಲಸ ಯಲಹಂಕದಿಂದ ಹೊರಟದ್ದೆಂದು ಹೆಮ್ಮೆಪಡುವಾಗ ನನಗೆ ಕಲಬುರಗಿ ಸೀಮೆಯ ಕಡಕೋಳ ನೆನಪಾಗುತ್ತದೆ. ಅಲ್ಲಿನ ಮಡಿವಾಳಪ್ಪನ ತತ್ವಪದಗಳನ್ನು, ಅವನ ಶಿಷ್ಯ ಚನ್ನೂರ ಜಲಾಲಸಾಬನ ಪದಗಳನ್ನು ಏಕತಾರಿ ಹಿಡಿದು ಹಾಡುವವರು ಇಂದಿಗೂ ಇದ್ದಾರೆ. ಶಿಶುನಾಳ ಶರೀಫ ಕ್ಯಾಸೆಟ್ಟಿನ ಮೂಲಕ ಕರ್ನಾಟಕದ ಮನೆಮನೆಗೂ ಬಂದ. ಅವನನ್ನು ತಲೆಮಾರುಗಳ ಕಾಲ ಬಾಯಲ್ಲಿ ಕಾಪಾಡಿದ ಭಜನಾ ಮೇಳಗಳವರ ಹೆಸರು ಆ ಕ್ಯಾಸೆಟ್ಟಿನ ಜೊತೆ ಬರಲಿಲ್ಲ. ಕನ್ನಡದಲ್ಲಿ ಯಾರಾದರೂ ಕ್ಯಾಮೆರಾ ಹಿಡಿದು ಆ ಮೇಳಗಳ ಬಳಿ ಹೋಗುವುದಾದರೆ ಸೌಹಾರ್ದದ ಎರಡು ಸುಂದರ ದೃಶ್ಯಗಳಿಗೆ ತೃಪ್ತರಾಗಬಾರದೆಂಬುದು ನನ್ನ ಕೋರಿಕೆ. ಗದ್ದುಗೆಯ ಪೂಜೆ ಯಾರ ಮನೆತನದ ಕೈಯಲ್ಲಿದೆ, ಜಾತ್ರೆಯ ದಿನ ಊಟದ ಪಂಕ್ತಿ ಹೇಗೆ ಕೂರುತ್ತದೆ, ಪದ ಹಾಡಿದವರು ಮಠದ ಯಾವ ಬಾಗಿಲಿನವರೆಗೆ ಹೋಗಬಹುದು ಎಂಬುದನ್ನು ಹಾಡು ಮುಗಿದ ಮೇಲೆ ಹಾಡಿದವರನ್ನೇ, ಮಠದ ಸ್ವಾಮಿಗಳ ಎದುರಿನಲ್ಲೇ ಕೇಳಬೇಕು.